ಅಕ್ಷರವನ್ನು ಒರೆಗೆ ಹಚ್ಚಿದ ನಿರ್ದೇಶಕ

ಸಂಸ್ಕೃತ ನಾಟಕಗಳಲ್ಲಿ ನಾಂದಿಯು ಮುಗಿದೊಡನೆ ಸೂತ್ರಧಾರನು ರಂಗಕ್ಕೆ ಬರುತ್ತಾನೆ. ನಟಿಯೊಡನೆ ನಾಲ್ಕು ಸರಸದ ಮಾತುಗಳನ್ನಾಡಿ, ಕವಿಯ ಹೆಸರನ್ನೂ ನಾಟಕದ ಹೆಸರನ್ನೂ ಸಭಿಕರಿಗೆ ಅರುಹಿ, ತೆರೆಯ ಹಿಂದಕ್ಕೆ ಸರಿದುಬಿಡುತ್ತಾನೆ. ಅನಂತರ ದುಷ್ಯಂತನುಂಟು, ಶಕುಂತಲೆಯುಂಟು, ಕಣ್ವರುಂಟು, ಸೂತ್ರಧಾರನಿಲ್ಲ. ನಾಟಕವನ್ನು ನೋಡಿ ಮನೆಗೆ ಮರಳುವವರು ನಾಯಕನ ಗಾಂಭೀರ್ಯವನ್ನು ಹೊಗಳುತ್ತಾರೆ, ನಾಯಿಕೆಯ ಕಣ್ಣೀರನ್ನು ನೆನೆಯುತ್ತಾರೆ. ಇವರೆಲ್ಲರನ್ನೂ ಕರೆತಂದು ನಿಲ್ಲಿಸಿದವನು ಯಾರೆಂದು ಕೇಳುವವರು ಬಹಳ ವಿರಳ.

ಚಲಚ್ಚಿತ್ರ ಪ್ರಪಂಚದಲ್ಲಿಯೂ ಇದೇ ಕಥೆ. ಈಚೆಗೆ ನನ್ನ ತರಗತಿಯಲ್ಲಿ ‘ಬೆಟ್ಟದ ಹೂವು’ ಚಿತ್ರದ ಪ್ರಸ್ತಾಪ ಬಂದಿತು. ಅದನ್ನು ಕಾಣದ ವಿದ್ಯಾರ್ಥಿ ಒಬ್ಬನೂ ಇರಲಿಲ್ಲ. ಪುನೀತ್ ರಾಜ್‌ಕುಮಾರರು ಬಾಲ್ಯದಲ್ಲಿ ನಟಿಸಿದ ಆ ಚಿತ್ರದ ಸನ್ನಿವೇಶಗಳನ್ನು ಅವರು ಒಂದೊಂದಾಗಿ ವರ್ಣಿಸಿದರು. ಕೊನೆಗೆ ನಾನು, “ಅದನ್ನು ನಿರ್ದೇಶಿಸಿದವರು ಯಾರು?” ಎಂದು ಕೇಳಿದೆ. ತರಗತಿ ಮೌನವಾಯಿತು. ಒಬ್ಬ ಹುಡುಗಿ ಮಾತ್ರ, “ಸಾರ್, ಅದು ಅಪ್ಪು ಅವರ ಚಿತ್ರವಲ್ಲವೆ?” ಎಂದಳು. ಆಕೆಯದು ತಪ್ಪೆಂದು ನಾನು ಹೇಳಲಾರೆ. ಆ ಮಾತಿನಲ್ಲಿ ಪ್ರೀತಿಯಿತ್ತು. ಆದರೆ ಆ ಚಿತ್ರದ ಹಿಂದೆ ಇನ್ನೊಬ್ಬರಿದ್ದರು. ಅವರ ಹೆಸರು ಎನ್. ಲಕ್ಷ್ಮೀನಾರಾಯಣ್. ಈ ವಾರ ಓದುಗರೊಡನೆ ಅವರ ವಿಚಾರವಾಗಿ ನಾಲ್ಕು ಮಾತುಗಳನ್ನು ಹಂಚಿಕೊಳ್ಳಬೇಕೆಂದು ನನ್ನ ಆಸೆ.

ಲಕ್ಷ್ಮೀನಾರಾಯಣರ ಮೊದಲ ಕಥಾಚಿತ್ರ 1964ರಲ್ಲಿ ತೆರೆಕಂಡಿತು. ಅದರ ಹೆಸರೇ ‘ನಾಂದಿ’. ಅದಕ್ಕೆ ಮೊದಲು ‘ಬ್ಲಿಸ್’ ಎಂಬ ಒಂದು ಕಿರುಚಿತ್ರವನ್ನು ಅವರು ತಯಾರಿಸಿದ್ದರು. ಕನ್ನಡ ಚಿತ್ರಗಳು ಬಹುಮಟ್ಟಿಗೆ ಮದರಾಸಿನ ಸ್ಟುಡಿಯೋಗಳಲ್ಲಿ ಸಿದ್ಧವಾಗುತ್ತಿದ್ದ ಕಾಲವದು. ಪುರಾಣದ ಕಥೆ, ಭಕ್ತರ ಚರಿತ್ರೆ, ಚಾರಿತ್ರಿಕ ವೈಭವ, ಇವುಗಳಿಗೆ ಜನ ಮನಸೋತಿದ್ದರು. ಅದೇ 1964ರಲ್ಲಿಯೇ ಬಿ. ಎಸ್. ರಂಗಾ ಅವರ ‘ಅಮರಶಿಲ್ಪಿ ಜಕಣಾಚಾರಿ’ ಪೂರ್ಣ ವರ್ಣದಲ್ಲಿ ಬಂದು ಕನ್ನಡಿಗರ ಕಣ್ಣಿಗೆ ಹಬ್ಬವನ್ನುಂಟುಮಾಡಿತು. ಅಂಥ ವೇಳೆಯಲ್ಲಿ ಕಪ್ಪುಬಿಳುಪಿನಲ್ಲಿ, ಕಿರೀಟವಿಲ್ಲದ, ಗದೆಯಿಲ್ಲದ, ಒಬ್ಬ ಬಡ ಶಾಲಾಮಾಸ್ತರನ ಕಥೆಯನ್ನು ಹೇಳಲು ಹೊರಟ ಯುವಕನ ಎದೆಗಾರಿಕೆ ಸಾಮಾನ್ಯವಾದುದಲ್ಲ.

ಆ ಮಾಸ್ತರನ ಪಾತ್ರವನ್ನು ವಹಿಸಿದವರು ರಾಜ್‌ಕುಮಾರ್. 1954ರಲ್ಲಿ ‘ಬೇಡರ ಕಣ್ಣಪ್ಪ’ನಾಗಿ ಬಂದಂದಿನಿಂದ ಹತ್ತು ವರ್ಷಗಳಲ್ಲಿ ಅವರು ನಾಡಿನ ಕಣ್ಮಣಿಯಾಗಿದ್ದರು. ನಿರ್ದೇಶಕರು ಅವರ ಮೈಮೇಲಿನ ಒಡವೆಗಳನ್ನು ಕಳಚಿ, ಕೈಗೆ ಸೀಮೆಸುಣ್ಣವನ್ನು ಕೊಟ್ಟರು. ಮಾಸ್ತರನ ಮೊದಲ ಹೆಂಡತಿ, ಕಲ್ಪನಾ ಅವರು ನಟಿಸಿದ ಪಾತ್ರ, ತೀರಿಕೊಳ್ಳುತ್ತಾಳೆ. ಅನಂತರ ಆತನು ಕೈಹಿಡಿಯುವ ಹುಡುಗಿಗೆ ಕಿವಿ ಕೇಳಿಸದು, ಮಾತೂ ಬಾರದು. ಆ ಪಾತ್ರವನ್ನು ಹರಿಣಿ ಅವರು ನಿರ್ವಹಿಸಿದರು. ಇಡೀ ಚಿತ್ರದಲ್ಲಿ ಒಂದು ಮಾತನ್ನೂ ಆಡದ ನಾಯಿಕೆ! ವಾಕ್ಚಿತ್ರವೆಂದರೆ ಸಂಭಾಷಣೆಯ ಸುರಿಮಳೆಯೆಂದು ತಿಳಿದಿದ್ದ ಕಾಲದಲ್ಲಿ ಮೌನವನ್ನೇ ಒಂದು ಪಾತ್ರವನ್ನಾಗಿ ಮಾಡಿದುದು ಹೊಸ ಸಂಗತಿಯೇ ಸರಿ.

ಈ ಚಿತ್ರಕ್ಕೆ ವಿಜಯಭಾಸ್ಕರ್ ಸಂಗೀತ ನೀಡಿದರು. ಹಾಡು ಬರೆದವರು ಆರ್. ಎನ್. ಜಯಗೋಪಾಲ್. ಇದರಲ್ಲಿ ಪಿ. ಬಿ. ಶ್ರೀನಿವಾಸರು ಹಾಡಿದ, ತಂದೆಯೊಬ್ಬನು ಮಗುವನ್ನು ಕುರಿತು ಹಾಡುವ ಹಾಡೊಂದಿದೆ. ಇಂದಿಗೂ ಅನೇಕ ಮನೆಗಳಲ್ಲಿ ಅದು ಜೋಗುಳವಾಗಿದೆ. ನನ್ನ ಹಾಡನ್ನು ಕೇಳು ಎಂದು ಮಗುವನ್ನು ಕರೆಯುವ ಆ ಹಾಡು, ಕೇಳಲಾರದ ಹೆಣ್ಣೊಬ್ಬಳ ಕಥೆಯೊಳಗೆ ಕುಳಿತಿದೆಯೆಂಬುದನ್ನು ಗಮನಿಸಿದಾಗಲೇ ಅದರ ಮಾಧುರ್ಯದ ಹಿಂದಿನ ವೇದನೆ ನಮಗೆ ಗೋಚರವಾಗುವುದು. ‘ನಾಂದಿ’ಯು ಅಂತರರಾಷ್ಟ್ರೀಯ ಚಿತ್ರೋತ್ಸವದಲ್ಲಿ ಪ್ರದರ್ಶಿತವಾದ ಮೊದಲ ಕನ್ನಡ ಚಿತ್ರವೆಂದು ಹೇಳುವುದುಂಟು.

ಆ ಕಾಲದಲ್ಲಿ ಜಗತ್ತಿನ ನಾನಾ ಭಾಗಗಳಲ್ಲಿ ಇಂಥ ಗಾಳಿ ಬೀಸುತ್ತಿತ್ತು. 1948ರಲ್ಲಿ ಇಟಲಿಯ ವಿತ್ತೋರಿಯೋ ದ ಸೀಕಾ, ಸೈಕಲ್ಲನ್ನು ಕಳೆದುಕೊಂಡ ಬಡ ಕಾರ್ಮಿಕನೊಬ್ಬನ ಕಥೆಯಿಂದ ಲೋಕದ ಕಣ್ಣನ್ನು ತೇವಗೊಳಿಸಿದ್ದರು. 1952ರಲ್ಲಿ ಭಾರತದಲ್ಲಿ ನಡೆದ ಮೊದಲ ಅಂತರರಾಷ್ಟ್ರೀಯ ಚಿತ್ರೋತ್ಸವದಲ್ಲಿ ಆ ಚಿತ್ರವನ್ನು ನಮ್ಮವರು ಕಂಡರು. 1955ರಲ್ಲಿ ಸತ್ಯಜಿತ್ ರಾಯ್ ಅವರ ‘ಪಥೇರ್ ಪಾಂಚಾಲಿ’ ಬಂದಿತು. ‘ನಾಂದಿ’ ತೆರೆಕಂಡ 1964ರಲ್ಲಿಯೇ ತುರ್ಕಿ ದೇಶದ ಮೆತಿನ್ ಎರ್ಕ್ಸಾನ್ ಎಂಬವರ ‘ಸುಸುಜ್ ಯಾಜ್’ ಬರ್ಲಿನ್ ಉತ್ಸವದಲ್ಲಿ ಚಿನ್ನದ ಕರಡಿಯ ಪಾರಿತೋಷಕವನ್ನು ಗಳಿಸಿತು. ಅದರ ವಸ್ತುವಾದರೂ ಏನು? ಹೊಲಕ್ಕೆ ಹರಿಯುವ ನೀರನ್ನು ನೆರೆಯವರಿಗೆ ಬಿಡದೆ ತಡೆದ ಒಬ್ಬ ರೈತನ ಕಥೆ. ನಮ್ಮ ಹಳ್ಳಿಗಳಲ್ಲಿ ದಿನಬೆಳಗಾದರೆ ನಡೆಯುವ ಜಗಳ! ಸಣ್ಣ ಊರಿನ ಸಣ್ಣ ಸಂಗತಿಯಲ್ಲಿ ಮನುಷ್ಯನ ಪೂರ್ಣ ಸ್ವರೂಪವನ್ನು ಕಾಣಬಹುದೆಂಬ ನಂಬಿಕೆ ಇವರೆಲ್ಲರಿಗೂ ಸಮಾನವಾದುದು. ಲಕ್ಷ್ಮೀನಾರಾಯಣರು ಆ ಪಂಕ್ತಿಯಲ್ಲಿ ಕನ್ನಡದ ಎಲೆಯನ್ನು ಹಾಕಿಸಿದರು.

ಐದು ವರ್ಷಗಳ ತರುವಾಯ, 1969ರಲ್ಲಿ, ‘ಉಯ್ಯಾಲೆ’ ಬಂದಿತು. ಇದು ಚದುರಂಗರ ಕಾದಂಬರಿಯನ್ನು ಆಧರಿಸಿದ ಚಿತ್ರ. ಪ್ರೊಫೆಸರನೊಬ್ಬನು ಗ್ರಂಥಗಳಲ್ಲಿ ಮುಳುಗಿದ್ದಾನೆ. ಕೆ. ಎಸ್. ಅಶ್ವಥ್ ಆ ಪಾತ್ರವನ್ನು ವಹಿಸಿದರು. ಆತನು ದುಷ್ಟನಲ್ಲ, ವ್ಯಸನಿಯಲ್ಲ. ಹೆಂಡತಿಯ ಮೇಲೆ ಕೈಯೆತ್ತಿದವನಲ್ಲ. ಪುಸ್ತಕದಿಂದ ಕಣ್ಣೆತ್ತಿ ಅವಳ ಮುಖವನ್ನು ನೋಡಲು ಅವನಿಗೆ ಪುರಸತ್ತಿಲ್ಲ, ಅಷ್ಟೇ ಅವನ ಅಪರಾಧ. ಕಲ್ಪನಾ ಆ ಗೃಹಿಣಿ. ಆ ಬರಿದಾದ ಮನೆಯೊಳಕ್ಕೆ ಸಹೃದಯನಾದ ಮತ್ತೊಬ್ಬ ಗಂಡಸು ಬಂದಾಗ ಅವಳ ಮನಸ್ಸು ಉಯ್ಯಾಲೆಯಾಗುತ್ತದೆ. ಆ ಮತ್ತೊಬ್ಬ ಗಂಡಸಿನ ಪಾತ್ರದಲ್ಲಿ ರಾಜ್‌ಕುಮಾರರು! ತಮ್ಮ ಆರಾಧ್ಯ ನಟನು ಪರಸತಿಯ ಮನಸ್ಸನ್ನು ಕಲಕುವ ಪಾತ್ರದಲ್ಲಿ ಕಾಣಿಸಿಕೊಳ್ಳುವುದನ್ನು ಪ್ರೇಕ್ಷಕರು ಹೇಗೆ ಸಹಿಸಿಯಾರೆಂಬ ಅಳುಕು ಯಾರಿಗಾದರೂ ಬರತಕ್ಕದ್ದೇ. ನಿರ್ದೇಶಕರು ಯಾರೊಬ್ಬರನ್ನೂ ಖಳರನ್ನಾಗಿ ಚಿತ್ರಿಸದೆ, ಮೂವರ ನೋವನ್ನೂ ಒಂದೇ ತಕ್ಕಡಿಯಲ್ಲಿ ತೂಗಿದರು. ಪಾಠ ಹೇಳಿ ಜೀವಿಸುವ ನನ್ನಂಥವರು ಆ ಚಿತ್ರವನ್ನು ನೋಡಿದ ರಾತ್ರಿ, ಕೈಯಲ್ಲಿದ್ದ ಪುಸ್ತಕವನ್ನು ಮಡಿಸಿಟ್ಟು ಮನೆಯವರೊಡನೆ ಎರಡು ಮಾತನಾಡುವುದು ಲೇಸು.

ಇನ್ನು ನಮ್ಮ ಸೀಮೆಗೆ ಸಂಬಂಧಿಸಿದ ಚಿತ್ರಕ್ಕೆ ಬರೋಣ. ಮೂಡಿಗೆರೆಯ ಈ ಕಡೆಗೆ ಬಂದವರಿಗೆ ದೇವರಮನೆಯ ಪರಿಚಯವಿದ್ದೀತು. ಹುಲ್ಲು ಹೊದೆದ ಬೋಳು ಗುಡ್ಡಗಳು, ಅವುಗಳ ಮಡಿಲಲ್ಲಿ ಕಾಲಭೈರವೇಶ್ವರನ ಗುಡಿ, ಕಣ್ಣು ಮುಚ್ಚಿ ತೆರೆಯುವುದರೊಳಗೆ ಎಲ್ಲವನ್ನೂ ನುಂಗಿಬಿಡುವ ಮಂಜು. ಗುಡ್ಡವಿಳಿದರೆ ಏಲಕ್ಕಿ, ಕಾಫಿ, ಮೆಣಸಿನ ಬಳ್ಳಿ. ತೋಟದ ನಡುವೆ ಒಂಟಿ ಒಂಟಿ ಮನೆಗಳು. ಇಂಥ ಊರುಗಳಿಗೆ ಹೊರಲೋಕದ ಸುದ್ದಿ ಬರುತ್ತಿದ್ದುದು ಒಂದೇ ಬಾಗಿಲಿನಿಂದ. ಅದು ಅಂಚೆಯ ಬಾಗಿಲು. ಈ ಸೀಮೆಯಲ್ಲಿ ನೆಲಸಿ, ತೋಟ ಮಾಡಿ, ಬೇಟೆಯಾಡಿ, ಮೀನು ಹಿಡಿದು, ಹಕ್ಕಿಗಳ ಛಾಯಾಚಿತ್ರ ತೆಗೆದು, ಎಲ್ಲದರ ನಡುವೆ ಕನ್ನಡ ಗದ್ಯಕ್ಕೆ ಹೊಸ ದಾರಿಯನ್ನು ತೋರಿದವರು ಪೂರ್ಣಚಂದ್ರ ತೇಜಸ್ವಿ. ಅವರ ‘ಅಬಚೂರಿನ ಪೋಸ್ಟಾಫೀಸು’ ಕಥಾಸಂಕಲನ ಹೊರಬಂದುದು 1973ರಲ್ಲಿ. ಅದೇ ವರ್ಷ ಅದೇ ಹೆಸರಿನ ಕಥೆ ಲಕ್ಷ್ಮೀನಾರಾಯಣರ ಕೈಯಲ್ಲಿ ಚಲಚ್ಚಿತ್ರವಾಯಿತು. ನಮ್ಮ ರಾಜ್ಯಕ್ಕೆ ಕರ್ನಾಟಕವೆಂದು ಹೆಸರಾದುದೂ ಆ ವರ್ಷದ ನವೆಂಬರ್ 1ರಂದೇ.

ಕಥೆಯ ಬೋಬಣ್ಣನು ಅತ್ತೆಯ ಮನೆಯಲ್ಲಿ ನೆಲಸಿದ ಅಳಿಯ. ಅತ್ತೆ ಮಾಚಮ್ಮನ ದರ್ಬಾರಿನಲ್ಲಿ ಅವನಿಗೆ ದನಿಯಿಲ್ಲ. ಊರಿಗೆ ಪೋಸ್ಟಾಫೀಸು ಬರುತ್ತದೆ. ಅದರ ಹೊಣೆ ಅವನಿಗೆ ಅಂಟಿಕೊಳ್ಳುತ್ತದೆ. ಮೊದಮೊದಲು ಅದೊಂದು ಗೌರವ. ಆದರೆ ಮುಚ್ಚಿದ ಲಕೋಟೆಯೆಂದರೆ ಮುಚ್ಚಿದ ಬಾಗಿಲಿದ್ದಂತೆ; ಒಳಗೇನಿದೆಯೆಂಬ ಕುತೂಹಲ ಮನುಷ್ಯನನ್ನು ಸುಮ್ಮನಿರಗೊಡದು. ಬೇರೆಯವರ ಕಾಗದಗಳ ಮೇಲೆ ಹುಟ್ಟಿದ ಆ ಕುತೂಹಲದಿಂದ ಗುಸುಗುಸು, ಗುಸುಗುಸುವಿನಿಂದ ಸಂಶಯ, ಸಂಶಯದಿಂದ ಮನೆಯ ನೆಮ್ಮದಿಗೆ ಕೇಡು, ಹೀಗೆ ಕಥೆ ಬೆಳೆಯುತ್ತದೆ. ನಾಗರಿಕತೆಯ ಒಂದು ಸಣ್ಣ ಪೆಟ್ಟಿಗೆ ಕಾಡಿನ ಅಂಚಿನ ಹಳ್ಳಿಯೊಂದರ ಬದುಕನ್ನು ಕದಡಿಬಿಡುತ್ತದೆ. ಬೋಬಣ್ಣನಾಗಿ ನಾಣಿ, ಅವನ ಹೆಂಡತಿ ಕಾವೇರಿಯಾಗಿ ಗಿರಿಜಾ ಲೋಕೇಶ್ ನಟಿಸಿದರು. ಗಿರಿಜಾ ಅವರು ಚಿತ್ರರಂಗಕ್ಕೆ ಕಾಲಿಟ್ಟುದು ಈ ಚಿತ್ರದಿಂದಲೇ. ದೊಡ್ಡ ತಾರೆಯರಿಲ್ಲದ ಈ ಚಿತ್ರ ಆ ವರ್ಷದ ಅತ್ಯುತ್ತಮ ಕನ್ನಡ ಚಿತ್ರವೆಂದು ರಾಷ್ಟ್ರಪ್ರಶಸ್ತಿಯನ್ನು ಪಡೆಯಿತು.

ಇಲ್ಲಿ ಒಂದು ವಿಷಯವನ್ನು ಓದುಗರು ಗಮನಿಸಬೇಕು. ತೇಜಸ್ವಿಯವರ ಅದೊಂದೇ ಸಂಕಲನದಿಂದ ಮುಂದೆ ಗಿರೀಶ ಕಾಸರವಳ್ಳಿಯವರು ‘ತಬರನ ಕಥೆ’ಯನ್ನು ಚಿತ್ರಿಸಿ ರಾಷ್ಟ್ರದ ಅತ್ಯುನ್ನತ ಪುರಸ್ಕಾರವಾದ ಸ್ವರ್ಣಕಮಲವನ್ನು ತಂದರು, ಸದಾನಂದ ಸುವರ್ಣರು ‘ಕುಬಿ ಮತ್ತು ಇಯಾಲ’ವನ್ನು ತೆರೆಗೆ ತಂದರು, 2023ರಲ್ಲಿ ಹೊಸ ತಲೆಮಾರಿನ ಯುವಕರು ‘ಡೇರ್‌ಡೆವಿಲ್ ಮುಸ್ತಾಫಾ’ವನ್ನು ತಯಾರಿಸಿ ಜನಮನವನ್ನು ಗೆದ್ದರು. ಒಂದು ಬಾವಿಯಿಂದ ನಾಲ್ಕು ಮಂದಿ ನೀರು ಸೇದಿದರು. ಆದರೆ ಆ ಬಾವಿಗೆ ಮೊದಲು ಹಗ್ಗ ಇಳಿಬಿಟ್ಟವರು ಲಕ್ಷ್ಮೀನಾರಾಯಣರು. ಕಥೆಯ ಶಾಯಿ ಆರುವ ಮುನ್ನವೇ ಅದರಲ್ಲಿನ ಚಿತ್ರವನ್ನು ಕಂಡ ಕಣ್ಣು ಅವರದು.

‘ನಾಂದಿ’, ‘ಉಯ್ಯಾಲೆ’, ‘ಅಬಚೂರಿನ ಪೋಸ್ಟಾಫೀಸು’ಗಳಲ್ಲದೆ 1970ರಲ್ಲಿ ‘ಮುಕ್ತಿ’, 1979ರಲ್ಲಿ ‘ಮುಯ್ಯಿ’ಯನ್ನು ಅವರು ನಿರ್ದೇಶಿಸಿದರು. 1985ರಲ್ಲಿ ಬಂದುದೇ ‘ಬೆಟ್ಟದ ಹೂವು’. ಪಾರ್ವತಮ್ಮ ರಾಜ್‌ಕುಮಾರರು ಅದರ ನಿರ್ಮಾಪಕಿ, ಸಂಗೀತ ರಾಜನ್-ನಾಗೇಂದ್ರರದು. ಮೂಲಕಥೆ ಅಮೆರಿಕದ ಲೇಖಕಿ ಶರ್ಲಿ ಅರೋರಾ ಅವರು 1960ರಲ್ಲಿ ಪ್ರಕಟಿಸಿದ, ಭಾರತದ ಬೆಟ್ಟದೂರೊಂದರ ಬಾಲಕನನ್ನು ಕುರಿತ, ‘ವಾಟ್ ದೆನ್, ರಾಮನ್?’ ಎಂಬ ಮಕ್ಕಳ ಪುಸ್ತಕ. ‘ಮುಂದೇನು, ರಾಮಾ?’ ಎಂದು ಆ ಶೀರ್ಷಿಕೆಯ ಭಾವ. ಓದಲು ಕಲಿತೆ, ಸಂತೋಷ. ಕಲಿತ ಮೇಲೆ ಮುಂದೇನು?

ಕನ್ನಡ ಚಿತ್ರದ ರಾಮು ಬಡವರ ಮನೆಯ ಹುಡುಗ. ಅಂಗಡಿಯಲ್ಲಿ ಕಂಡ ಕುವೆಂಪು ಅವರ ‘ಶ್ರೀರಾಮಾಯಣ ದರ್ಶನಂ’ ತನ್ನದಾಗಬೇಕೆಂಬುದು ಅವನ ಹಂಬಲ. ಸಸ್ಯಗಳನ್ನು ಅರಸುತ್ತ ಬಂದ ವಿದೇಶೀಯ ಮಹಿಳೆಯೊಬ್ಬಳಿಗೆ ಕಾಡಿನ ಆರ್ಕಿಡ್ ಹೂಗಳನ್ನು ಹುಡುಕಿ ತಂದುಕೊಟ್ಟು ಅವನು ಕಾಸು ಕೂಡಿಸುತ್ತಾನೆ. ನಮ್ಮ ಮಲೆನಾಡಿನಲ್ಲಿ ಮರದ ಕೊಂಬೆಗಳಿಂದ ಜೋತುಬೀಳುವ ಒಂದು ಬಗೆಯ ಆರ್ಕಿಡ್ಡಿಗೆ ‘ಸೀತಾಳೆ ದಂಡೆ’ ಎಂದು ಹೆಸರು. ಸೀತೆಯ ಹೆಸರಿನ ಹೂವು ಬಿಡುವ ಕಾಡಿನಲ್ಲಿ ಹೂವನ್ನು ಮಾರಿ ರಾಮಾಯಣವನ್ನು ಕೊಳ್ಳಲು ಹೊರಟ ಹುಡುಗ! ಇಂಗ್ಲಿಷಿನಲ್ಲಿ ಹುಟ್ಟಿದ ಕಥೆಯನ್ನು ಕನ್ನಡದ ಮಣ್ಣಿನಲ್ಲಿ ನೆಟ್ಟಾಗ ಅದು ಇಲ್ಲಿಯದೇ ಗಿಡವೆಂಬಂತೆ ಹೇಗೆ ಬೇರು ಬಿಟ್ಟಿತೆಂಬುದಕ್ಕೆ ಆ ಮಹಾಕಾವ್ಯದ ಹೆಸರೊಂದೇ ಸಾಕು. ಅನುವಾದವೆಂದರೆ ಇದು.

ಹಣ ಕೂಡಿತು. ಆದರೆ ಮನೆಯಲ್ಲಿ ಚಳಿ; ಹೊದೆಯಲು ಕಂಬಳಿಯಿಲ್ಲ. ರಾಮುವಿನ ಕೈಯಲ್ಲಿರುವ ಕಾಸು ಒಂದಕ್ಕೆ ಮಾತ್ರ ಸಾಲುತ್ತದೆ. ಅವನು ಕಂಬಳಿಯನ್ನು ಕೊಂಡು ಮನೆಗೆ ಬರುತ್ತಾನೆ. ಈ ಚಿತ್ರಕ್ಕೂ ಅತ್ಯುತ್ತಮ ಕನ್ನಡ ಚಿತ್ರವೆಂಬ ರಾಷ್ಟ್ರಪ್ರಶಸ್ತಿ ಬಂದಿತು. ಹತ್ತು ವರ್ಷದ ಪುನೀತರು ಅತ್ಯುತ್ತಮ ಬಾಲನಟರೆಂದು ಪುರಸ್ಕೃತರಾದರು. 2021ರಲ್ಲಿ ಅವರು ಅಕಾಲದಲ್ಲಿ ಅಗಲಿದಾಗ ನಾಡೆಲ್ಲ ಆ ಬಾಲಕನ ಮುಖವನ್ನೇ ನೆನೆದು ಕಣ್ಣೀರಿಟ್ಟಿತು.

ಈಗ ಇವೆಲ್ಲವನ್ನೂ ಒಟ್ಟಿಗೆ ಇಟ್ಟು ನೋಡಿದರೆ ಒಂದು ಸೂತ್ರ ಕಾಣಿಸುತ್ತದೆ. ‘ನಾಂದಿ’ಯಲ್ಲಿ ಅಕ್ಷರ ಕಲಿಸುವ ಮಾಸ್ತರ, ಅವನ ಮಾತನ್ನು ಕೇಳಲಾರದ ಹೆಂಡತಿ. ‘ಉಯ್ಯಾಲೆ’ಯಲ್ಲಿ ಗ್ರಂಥದೊಳಗೆ ಹೂತುಹೋದ ಪ್ರೊಫೆಸರ, ಓದಲ್ಪಡದ ಪುಸ್ತಕದಂತೆ ಮೂಲೆಯಲ್ಲಿ ಉಳಿದ ಅವನ ಹೆಂಡತಿ. ‘ಅಬಚೂರಿ’ನಲ್ಲಿ ತನ್ನದಲ್ಲದ ಅಕ್ಷರದ ಮೇಲೆ ಕಣ್ಣಿಟ್ಟು ಕೆಟ್ಟ ಅಂಚೆಯವನು. ‘ಬೆಟ್ಟದ ಹೂವಿ’ನಲ್ಲಿ ಅಕ್ಷರಕ್ಕಾಗಿ ಹಸಿದು, ಕೈಗೆ ಬಂದ ಅಕ್ಷರವನ್ನು ತಾನೇ ಬಿಟ್ಟುಕೊಟ್ಟ ಬಾಲಕ. ಶಾಲೆ, ಗ್ರಂಥ, ಕಾಗದ, ಕಾವ್ಯ: ನಾಲ್ಕು ಕಥೆಗಳಲ್ಲಿಯೂ ವಿದ್ಯೆಯ ಒಂದೊಂದು ರೂಪ ಮನುಷ್ಯನ ಮುಂದೆ ಬಂದು ನಿಲ್ಲುತ್ತದೆ. ‘ನನ್ನಿಂದ ನಿನ್ನ ಬಳಿಯಿರುವವರಿಗೆ ಏನು ಒಳಿತಾಯಿತು?’ ಎಂದು ಕೇಳುತ್ತದೆ. ಪ್ರೊಫೆಸರನಿಗೆ ಉತ್ತರ ಹೊಳೆಯುವುದಿಲ್ಲ. ಹತ್ತು ವರ್ಷದ ಹುಡುಗನಿಗೆ ಹೊಳೆಯುತ್ತದೆ. ಕಂಬಳಿಯನ್ನು ಕೊಂಡ ರಾಮು ರಾಮಾಯಣವನ್ನು ಕಳೆದುಕೊಂಡನೆಂದು ನಾನು ತಿಳಿಯಲಾರೆ. ತನ್ನವರಿಗಾಗಿ ತನ್ನ ಆಸೆಯನ್ನು ತ್ಯಜಿಸುವುದೇ ಆ ಕಾವ್ಯದ ಸಾರವಾದರೆ, ಓದುವುದಕ್ಕೆ ಮೊದಲೇ ಅವನು ಅದನ್ನು ಅರಿತಿದ್ದ.

ಹೀಗೆಂದು ಬಡವರ ಮಕ್ಕಳಿಗೆ ಕಂಬಳಿಯೇ ಸಾಕು, ಕಾವ್ಯ ಬೇಡವೆಂದು ಯಾರೂ ತಪ್ಪು ತಿಳಿಯಬಾರದು. ನಮ್ಮ ಸೀಮೆಯಲ್ಲಿ ಕಾಫಿ ಕುಯ್ಲಿನ ತಿಂಗಳುಗಳಲ್ಲಿ ತರಗತಿಯ ಹಿಂದಿನ ಬೆಂಚುಗಳು ಬರಿದಾಗುವುದುಂಟು. ತಾಯ್ತಂದೆಯರೊಡನೆ ತೋಟಕ್ಕೆ ಹೋಗಿ ಹಣ್ಣು ಬಿಡಿಸಿ, ಸಂಜೆ ಮೂಟೆ ತೂಗಿಸಿ ಕೂಲಿ ಪಡೆಯುವ ಹುಡುಗ ಹುಡುಗಿಯರು ಈಗಲೂ ನನ್ನ ವಿದ್ಯಾರ್ಥಿಗಳಲ್ಲಿದ್ದಾರೆ. ಹಾಜರಿ ಪುಸ್ತಕದಲ್ಲಿ ಅವರ ಹೆಸರಿನ ಎದುರು ಗೈರುಹಾಜರಿಯ ಗುರುತು ಹಾಕುವಾಗ ನನಗೆ ರಾಮುವಿನ ನೆನಪಾಗುತ್ತದೆ. ಅವರು ಸೋಮಾರಿಗಳಲ್ಲ, ಮನೆಗೆ ಕಂಬಳಿ ತರಲು ಹೋದವರು. ಪುಸ್ತಕವೋ ಕಂಬಳಿಯೋ ಎಂಬ ಆಯ್ಕೆಯನ್ನು ಮಗುವಿನ ಮುಂದೆ ಇಡುವ ಸಮಾಜ ನಾಚಿಕೊಳ್ಳಬೇಕಾದುದು. ಚಿತ್ರವನ್ನು ನೋಡಿ ನಾವು ಅತ್ತ ಕಣ್ಣೀರು ಬಾಲಕನ ಒಳ್ಳೆಯತನಕ್ಕಾಗಿ ಮಾತ್ರ ಹರಿದುದಾದರೆ ಅದು ಅರ್ಧ ಕಣ್ಣೀರು. ಆ ಆಯ್ಕೆಯ ಅನ್ಯಾಯಕ್ಕಾಗಿಯೂ ಹರಿದುದಾದರೆ ಪೂರ್ಣವಾಯಿತು. ನಿರ್ದೇಶಕರು ಭಾಷಣವೊಂದನ್ನೂ ಮಾಡಿಸದೆ ಇಷ್ಟನ್ನು ನಮ್ಮ ಎದೆಗೆ ಇಳಿಸಿದರು.

ಇಂಥವರ ಹೆಸರು ಏಕೆ ಮರೆಯಾಯಿತು? ಕಾರಣಗಳು ಕೆಲವಿವೆ. ಇಪ್ಪತ್ತೊಂದು ವರ್ಷಗಳಲ್ಲಿ ಬೆರಳೆಣಿಕೆಯಷ್ಟೇ ಚಿತ್ರಗಳನ್ನು ಅವರು ಮಾಡಿದರು. ಪೇಟೆಯಲ್ಲಿ ನಿತ್ಯವೂ ಕೂಗುವವನ ದನಿ ಜನರಿಗೆ ಗುರುತಾಗುತ್ತದೆ, ಅಪರೂಪಕ್ಕೆ ಬರುವವನದು ಆಗದು. ಎರಡನೆಯದಾಗಿ, ಅವರು ಯಾವ ಗುಂಪಿಗೂ ಪೂರ್ತಿಯಾಗಿ ಸೇರಲಿಲ್ಲ. ಕನ್ನಡದ ಹೊಸ ಅಲೆಯ ಚರಿತ್ರೆಯನ್ನು ಬರೆಯುವವರು ಸಾಮಾನ್ಯವಾಗಿ 1970ರ ‘ಸಂಸ್ಕಾರ’ದಿಂದ ಲೆಕ್ಕವನ್ನು ಪ್ರಾರಂಭಿಸುತ್ತಾರೆ. ‘ನಾಂದಿ’ ಅದಕ್ಕಿಂತ ಆರು ವರ್ಷ ಹಿಂದಿನದು. ಆದರೆ ಅದರಲ್ಲಿ ತಾರೆಯರಿದ್ದರು, ಹಾಡುಗಳಿದ್ದವು. ಆದಕಾರಣ ಪಂಡಿತರು ಅದನ್ನು ಹೊರಗಿಟ್ಟರು. ಅದರಲ್ಲಿ ಹೊಡೆದಾಟವಿರಲಿಲ್ಲ, ವೈಭವವಿರಲಿಲ್ಲ. ಆದಕಾರಣ ವ್ಯಾಪಾರದವರು ಅದನ್ನು ತಮ್ಮದೆನ್ನಲಿಲ್ಲ. ಅತ್ತ ಮಠವೂ ಇಲ್ಲ, ಇತ್ತ ಮನೆಯೂ ಇಲ್ಲ ಎಂಬಂಥ ಸ್ಥಿತಿ. ಮೂರನೆಯದು, ಅವರ ಸ್ವಭಾವಕ್ಕೆ ಸೇರಿದ ಗುಣವೇ. ಅವರ ಚಿತ್ರಗಳಲ್ಲಿ ನಿರ್ದೇಶಕನು ಎಲ್ಲಿಯೂ ಮುಂದೆ ಬಂದು ‘ನೋಡಿ ನನ್ನ ಚಮತ್ಕಾರ’ ಎನ್ನುವುದಿಲ್ಲ. ಕಾದಂಬರಿಯಿಂದ ಬಂದುದರಲ್ಲಿ ಚದುರಂಗರು ಕಾಣುತ್ತಾರೆ, ಕಥೆಯಿಂದ ಬಂದುದರಲ್ಲಿ ತೇಜಸ್ವಿ ಕಾಣುತ್ತಾರೆ, ತೆರೆಯ ಮೇಲೆ ನಟರು ಕಾಣುತ್ತಾರೆ. ಕಾದಂಬರಿ, ಸಣ್ಣಕಥೆ, ಪರಭಾಷೆಯ ಮಕ್ಕಳ ಪುಸ್ತಕ, ಹೀಗೆ ಬೇರೆ ಬೇರೆ ಜಾತಿಯ ಬರಹವನ್ನು ಓದಿ, ಅದರೊಳಗಿನ ಚಿತ್ರವನ್ನು ಗುರುತಿಸಿ, ತಾರೆಗೂ ಹೊಸಬರಿಗೂ ಮಗುವಿಗೂ ಸಮನಾಗಿ ಅಭಿನಯವನ್ನು ಕಲಿಸಿ, ಕೊನೆಗೆ ತನ್ನ ಗುರುತನ್ನು ಅಳಿಸಿಕೊಳ್ಳುವ ವಿದ್ಯೆ ಬಹುಮುಖವಾದುದು. ಚೆನ್ನಾಗಿ ನೇಯ್ದ ಬಟ್ಟೆಯಲ್ಲಿ ನೇಕಾರನ ಬೆರಳು ಕಾಣುವುದಿಲ್ಲ.

ಲಕ್ಷ್ಮೀನಾರಾಯಣರು ಇಂದು ನಮ್ಮೊಡನಿಲ್ಲ. ಚಿತ್ರಗಳು ಉಳಿದಿವೆ. ಒಂದು ಕಾಲದಲ್ಲಿ ಹಳೆಯ ಚಿತ್ರವನ್ನು ನೋಡಬೇಕಾದರೆ ಟೆಂಟಿಗೆ ಅದು ಮತ್ತೆ ಬರುವವರೆಗೂ ಕಾಯಬೇಕಾಗಿತ್ತು. ಈಗ ಅಂತರ್ಜಾಲದ ದೆಸೆಯಿಂದ ಮನೆಯ ಜಗಲಿಯಲ್ಲಿಯೇ ಅನೇಕ ಹಳೆಯ ಚಿತ್ರಗಳು ದೊರೆಯುತ್ತವೆ. ಮುಂದಿನ ಭಾನುವಾರ ಸಂಜೆ ಅಜ್ಜ ಅಜ್ಜಿಯರನ್ನೂ ಮಕ್ಕಳನ್ನೂ ಕೂಡಿಸಿಕೊಂಡು ಇವುಗಳಲ್ಲೊಂದನ್ನು ನೋಡಿರಿ. ಹಿರಿಯರಿಗೆ ‘ನಾಂದಿ’ಯ ಹಾಡು ತಮ್ಮ ಯೌವನವನ್ನು ನೆನಪಿಗೆ ತಂದೀತು. ಮಕ್ಕಳಿಗೆ ರಾಮು ಗೆಳೆಯನಾದಾನು. ದಂಪತಿಗಳು ‘ಉಯ್ಯಾಲೆ’ಯನ್ನು ನೋಡಿ ಒಬ್ಬರ ಮುಖವನ್ನೊಬ್ಬರು ನೋಡಿಕೊಂಡರೆ ಅದೂ ಒಂದು ಲಾಭವೇ.

ಚಿತ್ರ ಆರಂಭವಾಗುವಾಗ ಹೆಸರುಗಳ ಪಟ್ಟಿ ಬರುತ್ತದೆ. ಸಾಧಾರಣವಾಗಿ ಆ ಹೊತ್ತಿನಲ್ಲಿ ಮನೆಯಾಕೆ ಒಲೆಯ ಮೇಲಿನ ಹಾಲನ್ನು ಇಳಿಸಲು ಹೋಗಿರುತ್ತಾಳೆ, ಯಜಮಾನರು ಕನ್ನಡಕವನ್ನು ಹುಡುಕುತ್ತಿರುತ್ತಾರೆ, ಮಕ್ಕಳು ಕೂರಲು ಜಾಗಕ್ಕಾಗಿ ಜಗಳವಾಡುತ್ತಿರುತ್ತಾರೆ. ಆ ಪಟ್ಟಿಯ ಕೊನೆಯಲ್ಲಿ ಬರುವ ಹೆಸರನ್ನು ಒಂದು ಸಲ ಮಕ್ಕಳಿಂದ ಗಟ್ಟಿಯಾಗಿ ಓದಿಸಿರಿ. ಅಕ್ಷರದ ಬೆಲೆಯನ್ನು ಜೀವಮಾನವೆಲ್ಲ ಒರೆಗೆ ಹಚ್ಚಿದ ಒಬ್ಬ ಸೂತ್ರಧಾರನಿಗೆ ನಾವು ಸಲ್ಲಿಸಬಹುದಾದ ಋಣ ಆ ನಾಲ್ಕಕ್ಷರದ ಓದಿನಿಂದಲೇ ಆರಂಭವಾಗಲಿ.